ಕಡೆಪಾಳಿ ಕೆರೆ

ಮಸ್ಕಲದಿನ್ನಿಯಿಂದ ಪಡುವಣಕ್ಕೆ ಹೊರಟು, ಹತ್ತಿಯ ಹೊಲಗಳನ್ನು ದಾಟಿ, ಗುಂಡುಗಲ್ಲಿನ ಎರಡು ಬೆಟ್ಟಗಳ ನಡುವಿನ ಸಂದಿಗೆ ಬಂದರೆ ಕಡೆಪಾಳಿ ಕೆರೆಯ ಏರಿ ಕಾಣಿಸುತ್ತದೆ. ಸರಕಾರದ ಕಾಗದಗಳಲ್ಲಿ ಇದಕ್ಕೆ ದೊಡ್ಡಕೆರೆ ಎಂದೇ ಹೆಸರು. ಇಲಾಖೆಯವರು ನಿಲ್ಲಿಸಿದ ಫಲಕದಲ್ಲಿ ಏರಿಯ ಉದ್ದ, ನೀರಿನ ಆಳ, ನೀರುಣ್ಣುವ ಜಮೀನಿನ ವಿಸ್ತಾರ ಎಲ್ಲವೂ ಇದೆ. ಊರಿನವರು ಕರೆಯುವ ಹೆಸರು ಮಾತ್ರ ಇಲ್ಲ. ಏರಿಯ ತೆಂಕಣ ತುದಿಯಲ್ಲಿ, ಹೆಚ್ಚಾದ ನೀರು ಹರಿದುಹೋಗುವ ಕೋಡಿಯ ಪಕ್ಕದಲ್ಲಿ, ಮೊಣಕಾಲೆತ್ತರದ ಒಂದು ಚಪ್ಪಟೆ ಬಂಡೆಯಿದೆ. ಅದರ ಮೇಲೆ ಎರಡು ಪಾದಗಳು ನಿಲ್ಲುವಷ್ಟು ಸವೆದ ತಗ್ಗುಗಳಿವೆ. ನೋಡಲು ಬಂದವರು ಇದು ಯಾವ ದೇವರ ಪಾದ ಎಂದು ಕೇಳುತ್ತಾರೆ. ಯಾರೋ ಪುಣ್ಯಾತ್ಮರು ಒಮ್ಮೆ ಕುಂಕುಮವನ್ನೂ ಹಚ್ಚಿ ಹೋಗಿದ್ದರು. ದೇವರ ಪಾದವಲ್ಲ ಎಂದು ಹೇಳಿ ಹೇಳಿ ನನಗೂ ಸಾಕಾಗಿದೆ. ಕೋಡಿಯ ಕೆಳಗಿನ ಹಳ್ಳದಲ್ಲಿ, ಬಿಳಿಯ ಹಾಸುಬಂಡೆಯ ಮೇಲೆ, ಉಳಿಯಿಂದ ಸಾಲಾಗಿ ಗುರುತು ಹಾಕಿ ಅರ್ಧಕ್ಕೆ ಬಿಟ್ಟ ಚಪ್ಪಡಿಗಳು ಬಿದ್ದಿವೆ. ಬಂಡೆಯ ಮೇಲಿನ ತಗ್ಗುಗಳಿಗೂ ಈ ಅರೆಗಡಿದ ಕಲ್ಲುಗಳಿಗೂ ಸಂಬಂಧವಿದೆ ಎಂದು ನಮ್ಮ ಹಿರಿಯರು ಹೇಳುತ್ತ ಬಂದಿದ್ದಾರೆ. ಅವರು ಹೇಳಿದ್ದನ್ನು ನಾನು ಇಲ್ಲಿ ಬರೆದಿಡುತ್ತಿದ್ದೇನೆ.

ಹಿಂದೆ ಒಮ್ಮೆ, ಎರಡು ನದಿಗಳ ನಡುವಿನ ಈ ನೆಲವೆಲ್ಲ ಬಾದಶಹರ ಆಳಿಕೆಯಲ್ಲಿತ್ತು. ಬಾದಶಹರ ರಾಜ್ಯ ಎಷ್ಟು ದೊಡ್ಡದಾಗಿತ್ತೆಂದರೆ, ಅದರ ಒಂದು ಮೂಲೆಯವರ ಮಾತು ಇನ್ನೊಂದು ಮೂಲೆಯವರಿಗೆ ತಿಳಿಯುತ್ತಿರಲಿಲ್ಲ. ಅಷ್ಟು ದೂರ ಹೋಗುವುದೇನು, ನಮ್ಮ ಊರೊಳಗೇ ಓಣಿಗೊಂದು ಮಾತಿತ್ತು. ಅಪ್ಪಣೆಗಳು ಫಾರಸಿಯಲ್ಲಿ ಬರುತ್ತಿದ್ದವು. ಪೇಟೆಯವರೂ ಸಿಪಾಯಿಗಳೂ ದಖನಿ ಆಡುತ್ತಿದ್ದರು. ಲೆಕ್ಕ ಬರೆಯುವ ಕುಲಕರ್ಣಿಗಳದು ಮರಾಠಿ, ಕುದುರೆ ದಂಡಿನ ನಾಯಕರದು ತೆಲುಗು, ಹೊಲ ಉಳುವ ಗೌಡರದೂ ಒಕ್ಕಲುಗಳದೂ ಕನ್ನಡ. ಕೆರೆಯ ಕಲ್ಲುಕೆಲಸಕ್ಕೆಂದು ಬಂದು ಹಳ್ಳದಲ್ಲಿ ಗುಡಿಸಲು ಹಾಕಿಕೊಂಡಿದ್ದ ವಡ್ಡರದು ಇವುಗಳಲ್ಲಿ ಯಾವುದೂ ಅಲ್ಲದ, ಊರೂರು ತಿರುಗಿ ಕೂಡಿಸಿಕೊಂಡ ಮಾತು. ಆದ್ದರಿಂದ ಅಪ್ಪಣೆ ಏನೇ ಬರಲಿ, ಸಾರುವವನು ಕೋಡಿಯ ಪಕ್ಕದ ಬಂಡೆಯನ್ನು ಹತ್ತಿ, ಚರ್ಮದ ಹಲಗೆ ಬಾರಿಸಿ, ಒಂದೊಂದು ಮಾತಿನಲ್ಲೂ ಸಾರಬೇಕಿತ್ತು. ಮೊದಲು ಫಾರಸಿ, ಕಡೆಗೆ ವಡ್ಡರ ಮಾತು. ಇದಕ್ಕೆ ಪಾಳಿ ಎನ್ನುತ್ತಿದ್ದರು. ಹಲಗೆಯ ಸದ್ದು ಕೇಳಿದ ಕೂಡಲೇ ಎಲ್ಲರೂ ಕೈಯಲ್ಲಿದ್ದ ಕೆಲಸ ಬಿಟ್ಟು ನಿಲ್ಲುವುದು, ತಮ್ಮ ಪಾಳಿ ಬಂದಾಗ ಕೇಳುವುದು, ಕೇಳಿದ ಮೇಲೆ ಹೋಗುವುದು ವಾಡಿಕೆ. ಇನ್ನೊಬ್ಬರ ಪಾಳಿಗೆ ಕಿವಿಗೊಡುವುದು ಮರ್ಯಾದೆಯಲ್ಲ ಎಂದೂ ಒಂದು ಭಾವನೆಯಿತ್ತಂತೆ. ನೀರು ಬಿಡುವ ಸಂದರ್ಭವಾದರೆ, ಸಾರುವವನ ದನಿ ನಿಂತ ಮೇಲೆಯೇ ಆಳುಗಳು ಸಲಿಕೆ ಹಾಕಬೇಕು ಎಂಬುದು ಕಟ್ಟಳೆ. ಎಲ್ಲ ಪಾಳಿಗಳೂ ಮುಗಿಯುವಷ್ಟರಲ್ಲಿ ಹಳ್ಳದಲ್ಲಿದ್ದ ದನಕರು ಸಹ ನಿಧಾನವಾಗಿ ದಡ ಹತ್ತುವಷ್ಟು ಹೊತ್ತಾಗುತ್ತಿತ್ತು.

ಆ ಕಾಲದಲ್ಲಿ ಸಾರುವವನಾಗಿದ್ದವನು ಹುಲಿಗೆಪ್ಪ. ಹುಟ್ಟಿದಾಗಲೇ ತಾಯಿ ತೀರಿಕೊಂಡಳು. ಹಲಗೆ ಬಾರಿಸುವ ಬಡವನ ಮನೆಯ ಕೂಸಿಗೆ ಊರಿನಲ್ಲಿ ಯಾರೂ ಹಾಲು ಕೊಡಲು ಮುಂದೆ ಬರಲಿಲ್ಲ. ಹಳ್ಳದಲ್ಲಿದ್ದ ವಡ್ಡರ ಹೆಂಗಸು ಸುಂಕುಲಮ್ಮ, ತನ್ನ ಕೂಸನ್ನು ಒಂದು ಮಗ್ಗುಲಿಗೂ ಇವನನ್ನು ಇನ್ನೊಂದು ಮಗ್ಗುಲಿಗೂ ಹಾಕಿಕೊಂಡು ಬೆಳೆಸಿದಳು. ಹೀಗಾಗಿ ಹುಲಿಗೆಪ್ಪನ ಬಾಯಿಂದ ಮೊದಲು ಹೊರಟದ್ದು ವಡ್ಡರ ಮಾತು. ಉಳಿದ ಮಾತುಗಳನ್ನು ಅವನು ಆಮೇಲೆ ಓಣಿ ಓಣಿ ತಿರುಗುತ್ತ ಕಲಿತ. ದೊಡ್ಡವನಾಗಿ ಬಂಡೆ ಹತ್ತಿದ ಮೇಲೆ, ಕಡೆಯ ಪಾಳಿ ಸಾರುವಾಗ ಅವನ ದನಿಯೇ ಬೇರೆಯಾಗುತ್ತಿತ್ತು, ಮನೆಯವರನ್ನು ಊಟಕ್ಕೆ ಕರೆದ ಹಾಗಿರುತ್ತಿತ್ತು ಎಂದು ಹೇಳುತ್ತಾರೆ. ಮುದುಕಿಯಾಗಿದ್ದ ಸುಂಕುಲಮ್ಮ ಆಗ ಬಿಸಿಲಿಗೆ ಹಣೆಯ ಮೇಲೆ ಕೈಯಿಟ್ಟುಕೊಂಡು ಅವನನ್ನೇ ನೋಡುತ್ತ ನಿಂತಿರುತ್ತಿದ್ದಳು. ಅವಳಿಗೆ ಅಪ್ಪಣೆಗಿಂತ ಅವನ ದನಿ ಮುಖ್ಯವಾಗಿತ್ತು.

ಜಗಳ ಶುರುವಾದದ್ದು ಎರಡನೆಯ ಪಾಳಿಯ ಬಗ್ಗೆ. ಫಾರಸಿಗೆ ಮೊದಲ ಪಾಳಿ ಎಂಬುದರಲ್ಲಿ ಯಾರದೂ ತಕರಾರಿಲ್ಲ, ಅದು ಅರಮನೆಯ ಮಾತು. ಅದರ ಬೆನ್ನಿಗೆ ಯಾರ ಮಾತು ಬರಬೇಕು? ನೆಲ ನಮ್ಮದು ಎಂದರು ಗೌಡರು. ಏರಿ ಕಟ್ಟಿಸಿದವರು ನಮ್ಮ ಹಿರಿಯರು ಎಂದರು ನಾಯಕರು. ಬರೆದಿಡುವವರು ನಾವಿಲ್ಲದಿದ್ದರೆ ನಿಮ್ಮ ನೆಲವೂ ಇಲ್ಲ, ಏರಿಯೂ ಇಲ್ಲ ಎಂದರು ಕುಲಕರ್ಣಿಗಳು. ಪೇಟೆಯವರು ಇವರೆಲ್ಲರನ್ನೂ ನೋಡಿ ನಕ್ಕರು, ನಕ್ಕು ತಾವೂ ಸೇರಿಕೊಂಡರು. ಒಂದು ಸಲ ತೂಬು ತೆಗೆಯುವ ದಿನ ಹುಲಿಗೆಪ್ಪ ಬಂಡೆಯ ಮೇಲೆ ಬಾಯಿ ತೆರೆದುಕೊಂಡು ನಿಂತೇ ಇದ್ದ. ಕೆಳಗೆ ಇವರು ಮುಂಡಾಸು ಕಿತ್ತಾಡುತ್ತಿದ್ದರು. ಆ ದಿನ ನೀರು ಬಿಡುವುದಾಗದೆ ಕೆಳಗಿನ ಎಲೆತೋಟಗಳು ಬಾಡಿದವು. ಕೊನೆಗೆ ಎಲ್ಲರೂ ಒಟ್ಟಾಗಿ ಕೋಟೆಯ ಕಿಲ್ಲೇದಾರನ ಹತ್ತಿರ ನ್ಯಾಯಕ್ಕೆ ಹೋದರು. ಒಟ್ಟಾಗಿ ಹೋದದ್ದು ಅದೊಂದೇ ಸಲ. ಕಿಲ್ಲೇದಾರ ಸಮುದ್ರದಾಚೆಯ ತುರುಕು ಸೀಮೆಯಿಂದ ಬಂದ ವಯಸ್ಸಾದ ಮನುಷ್ಯ. ಕೆಟ್ಟವನೇನಲ್ಲ, ಬಿಸಿಲಿಗೂ ದೂರುಗಳಿಗೂ ದಣಿದಿದ್ದ. ಎಲ್ಲರ ವಾದವನ್ನೂ ಕೇಳಿ, ಇನ್ನು ಮುಂದೆ ಫಾರಸಿಯೊಂದರಲ್ಲೇ ಸಾರತಕ್ಕದ್ದು, ಬಂಡೆಯ ಮೇಲೆ ಬೇರೆ ಮಾತು ಆಡಿದವನ ನಾಲಗೆ ಕೊಯ್ಯತಕ್ಕದ್ದು ಎಂದು ತೀರ್ಪು ಕೊಟ್ಟ. ವಿಚಿತ್ರವೆಂದರೆ ಎಲ್ಲರಿಗೂ ಸಮಾಧಾನವಾಯಿತು. ತಮಗೆ ಸಿಗದಿದ್ದರೇನು, ಪಕ್ಕದವರಿಗೂ ಸಿಗಲಿಲ್ಲವಲ್ಲ! ಫಾರಸಿ ಬಲ್ಲ ಒಬ್ಬೊಬ್ಬನನ್ನು ತಂತಮ್ಮ ಕಡೆಯಿಂದ ಏರಿಯ ಮೇಲೆ ನಿಲ್ಲಿಸಿಕೊಂಡರು, ಅವನು ಕೇಳಿ ಬಂದು ಓಣಿಗೆ ಹೇಳುತ್ತಿದ್ದ. ವಡ್ಡರನ್ನು ಈ ನ್ಯಾಯಕ್ಕೆ ಯಾರೂ ಕರೆದಿರಲಿಲ್ಲ. ಕಡೆಯ ಪಾಳಿಗೆ ಯಾರ ಪೈಪೋಟಿಯೂ ಇರಲಿಲ್ಲವಾದ್ದರಿಂದ ಅವರ ನೆನಪೂ ಯಾರಿಗೂ ಬರಲಿಲ್ಲ.

ಹುಲಿಗೆಪ್ಪ ಈ ಸಂಗತಿಯನ್ನು ಹಳ್ಳದವರಿಗೆ ಹೇಳಲೇ ಇಲ್ಲ. ನಿಮ್ಮ ಪಾಳಿಯನ್ನು ತೆಗೆದುಹಾಕಿದ್ದಾರೆ ಎಂದು ಹಾಲು ಕೊಟ್ಟವಳ ಮುಂದೆ ನಿಂತು ಹೇಗೆ ಹೇಳುವುದು? ಅವನಿಗೆ ನಾಚಿಕೆಯಾಯಿತು. ಅದರ ಬದಲು, ಬಂಡೆಯ ಮೇಲೆ ಫಾರಸಿಯಲ್ಲಿ ಸಾರಿ ಮುಗಿಸಿ, ಹಲಗೆಯನ್ನು ಹೆಗಲಿಗೆ ಹಾಕಿಕೊಂಡು ಹಳ್ಳಕ್ಕೆ ಇಳಿದು, ಅವರ ನಡುವೆ ನಿಂತು ಅವರ ಮಾತಿನಲ್ಲಿ ಹೇಳಿ ಬರತೊಡಗಿದ. ತೆರಿಗೆಯ ಸುದ್ದಿ, ಸಂತೆಯ ಸುದ್ದಿ, ದಂಡು ಹಾದುಹೋಗುವ ಸುದ್ದಿ ಹೀಗೆ ತಡವಾಗಿ ತಲುಪಿದರೂ ನಡೆಯುತ್ತಿತ್ತು. ವಡ್ಡರು ಇದನ್ನು ಪ್ರೀತಿಯೆಂದೇ ತಿಳಿದರು. ಬಂಡೆಯ ಮೇಲಿಂದ ಕೂಗುತ್ತಿದ್ದವನು ಈಗ ಹತ್ತಿರ ಬಂದು ಹೇಳುತ್ತಿದ್ದಾನೆ, ಒಳ್ಳೆಯದೇ ಆಯಿತಲ್ಲ! ಸುಂಕುಲಮ್ಮ ಅವನಿಗೆಂದು ಮಜ್ಜಿಗೆ ತೆಗೆದಿಡುತ್ತಿದ್ದಳು. ಹಲಗೆಯ ಸದ್ದು ಕೇಳಿದಾಗ ಅವರು ಮೊದಲಿನ ಹಾಗೆಯೇ ಉಳಿ ಸುತ್ತಿಗೆ ಕೆಳಗಿಟ್ಟು, ಬಂಡೆಯ ಕಡೆ ಮುಖ ಮಾಡಿ, ತಮ್ಮ ಪಾಳಿಗೆ ಕಾಯುತ್ತ ನಿಲ್ಲುತ್ತಿದ್ದರು.

ಆ ವರ್ಷದ ಮಳೆಗಾಲದಲ್ಲಿ ಒಂದು ಮಧ್ಯಾಹ್ನ ನಮ್ಮ ಊರಿನ ಮೇಲೆ ಆಕಾಶ ತಿಳಿಯಾಗಿತ್ತು. ಮೇಲಿನ ಸೀಮೆಯಲ್ಲಿ ಹಿಂದಿನ ದಿನವೆಲ್ಲ ಸುರಿದ ಮಳೆಯ ನೀರು ಮಾತ್ರ ಕೆರೆಗೆ ಬಂದು ಸೇರುತ್ತಲೇ ಇತ್ತು. ಏರಿಯ ಒಂದು ಕಡೆ ಮಣ್ಣು ಬಿರುಕು ಬಿಟ್ಟಿತು. ಏರಿ ಒಡೆದರೆ ಊರೇ ಉಳಿಯುವುದಿಲ್ಲ. ಕೋಡಿಯನ್ನು ಕಡಿದು ನೀರನ್ನು ಹಳ್ಳಕ್ಕೆ ಬಿಡಬೇಕು, ಕೂಡಲೇ ಬಿಡಬೇಕು ಎಂದು ಕೋಟೆಯಿಂದ ಅಪ್ಪಣೆ ಬಂತು. ಅಪ್ಪಣೆ ತಂದ ಸವಾರ ಕುದುರೆಯ ಮೇಲೆ ಬಂಡೆಯ ಪಕ್ಕದಲ್ಲೇ ನಿಂತ. ಕೋಡಿಯ ಮೇಲೆ ಆಳುಗಳು ಸಲಿಕೆ ಹಿಡಿದು ನಿಂತರು. ಹುಲಿಗೆಪ್ಪ ಬಂಡೆ ಹತ್ತಿ ಹಲಗೆ ಬಾರಿಸಿದ. ಕೆಳಗೆ, ಹಳ್ಳದಲ್ಲಿ, ಚಪ್ಪಡಿ ಕಡಿಯುತ್ತಿದ್ದವರೆಲ್ಲ ಕೆಲಸ ನಿಲ್ಲಿಸಿ ಎದ್ದು ನಿಂತರು. ಹೆಂಗಸರು ಗುಡಿಸಲುಗಳಿಂದ ಹೊರಗೆ ಬಂದರು. ಸುಂಕುಲಮ್ಮ ಹಣೆಯ ಮೇಲೆ ಕೈಯಿಟ್ಟುಕೊಂಡಳು. ಅವನು ಫಾರಸಿಯಲ್ಲಿ ಸಾರಿದ: ಕೋಡಿ ಕಡಿಯುತ್ತಾರೆ, ಹಳ್ಳದಲ್ಲಿರುವವರು ಮೇಲೆ ಹತ್ತಿರಿ. ಹಳ್ಳದಲ್ಲಿದ್ದವರು ಆ ಅರ್ಥವಾಗದ ಮಾತನ್ನು ಎಂದಿನಂತೆ ಮರ್ಯಾದೆಯಿಂದ ಮುಗಿಯಲು ಬಿಟ್ಟರು.

ಒಂದೇ ಮಾತಿನಲ್ಲಿ ಸಾರುವುದಕ್ಕೆ ಎಷ್ಟು ಹೊತ್ತು ಬೇಕು? ಬಹಳ ಬೇಗ ಮುಗಿಯಿತು. ಗೌಡರು, ನಾಯಕರು, ಕುಲಕರ್ಣಿಗಳು, ಪೇಟೆಯ ಹಿರಿಯರು ಎಲ್ಲರೂ ಏರಿಯ ಮೇಲೆ ಇದ್ದರು. ಎಲ್ಲರಿಗೂ ವಿಷಯ ತಿಳಿದಿತ್ತು, ಹಳ್ಳದಲ್ಲಿ ನಿಂತವರೂ ಎಲ್ಲರಿಗೂ ಕಾಣುತ್ತಿದ್ದರು. ಒಬ್ಬರೂ ಬಾಯಿ ಬಿಡಲಿಲ್ಲ. ನ್ಯಾಯ ಕೇಳಲು ಹೋಗಿ ಫಾರಸಿಯೊಂದರ ಅಪ್ಪಣೆಯನ್ನು ತಂದವರೇ ಅವರು. ಈಗ ಒಬ್ಬ ತನ್ನ ಮಾತಿನಲ್ಲಿ ಕೂಗಿದರೆ ಉಳಿದವರು ಅದನ್ನು ಎರಡನೆಯ ಪಾಳಿ ಎಂದು ಹಿಡಿದುಕೊಳ್ಳುವುದಿಲ್ಲವೇ! ಕೆಲವರು ಕೈ ಬೀಸಿದರಂತೆ. ವಡ್ಡರೂ ತಿರುಗಿ ಕೈ ಬೀಸಿದರಂತೆ. ಇದನ್ನು ಬರೆಯುವಾಗ ನನಗೆ ಇಂದಿಗೂ ಸಿಟ್ಟು ಬರುತ್ತದೆ. ಹುಲಿಗೆಪ್ಪನ ವಿಷಯದಲ್ಲಿ ಒಬ್ಬೊಬ್ಬರು ಒಂದೊಂದು ರೀತಿ ಹೇಳುತ್ತಾರೆ. ಸವಾರನ ಕತ್ತಿಗೆ ಹೆದರಿದ ಎನ್ನುವವರಿದ್ದಾರೆ. ಹೆದರಲಿಲ್ಲ, ಅವನ ಬಾಯಿ ತೆರೆದೇ ಇತ್ತು, ಆದರೆ ಮಾತು ಬರಲಿಲ್ಲ ಎನ್ನುವವರೂ ಇದ್ದಾರೆ. ಎಲ್ಲರೂ ಒಪ್ಪುವುದು ಇಷ್ಟನ್ನು: ಅವನು ಹಲಗೆಯನ್ನು ಹೆಗಲಿಗೆ ಹಾಕಿಕೊಂಡು, ಪ್ರತಿ ಸಲದಂತೆ, ಬಂಡೆಯಿಂದ ಇಳಿದು ಹಳ್ಳದ ದಾರಿ ಹಿಡಿದ. ಓಡಲಿಲ್ಲ, ನಡೆದ. ದನಿ ನಿಂತಿತು ಎಂದು ಆಳುಗಳು ಸಲಿಕೆ ಹಾಕಿದರು. ಅವನು ಅರ್ಧ ದಾರಿ ಇಳಿದಿದ್ದಾಗ ನೀರು ಅವನ ಪಕ್ಕದಿಂದಲೇ ಹಾದು ಕೆಳಗೆ ಹೋಯಿತು.

ಕತ್ತೆಗಳು, ಗುಡಿಸಲುಗಳು, ಮನುಷ್ಯರು ಎಲ್ಲವೂ ಹೋದವು. ಹಳ್ಳದ ಅಂಚಿನಲ್ಲಿದ್ದ ಕೆಲವರು ದಡ ಹಿಡಿದುಕೊಂಡು ಉಳಿದರು. ಸುಂಕುಲಮ್ಮ ಉಳಿಯಲಿಲ್ಲ. ನೀರು ಇಳಿದ ಮೇಲೆ, ಉಳಿದವರಲ್ಲಿ ಹಿರಿಯನಾದ ಒಬ್ಬ ವಡ್ಡರವನು ದಾರಿಯ ನಡುವೆ ಇನ್ನೂ ನಿಂತೇ ಇದ್ದ ಹುಲಿಗೆಪ್ಪನ ಹತ್ತಿರ ಬಂದ. ಆ ಮುದುಕನ ಮುಖದಲ್ಲಿ ಸಿಟ್ಟಿರಲಿಲ್ಲ, ಅಳುವೂ ಇರಲಿಲ್ಲ. ದಾರಿ ಕೇಳುವವನ ಹಾಗೆ ತನ್ನ ಮಾತಿನಲ್ಲಿ ಕೇಳಿದನಂತೆ, "ಯಾಕ ಮಗಾ, ಇವತ್ತ ನಮ್ಮ ಪಾಳಿ ಬರಲಿಲ್ಲಲ್ಲ?" ಮುದುಕ ಸ್ವಲ್ಪ ಹೊತ್ತು ಕಾದು, ತಲೆಯಾಡಿಸಿ, ತನ್ನವರನ್ನು ಕರೆದುಕೊಂಡು ತೆಂಕಣದ ದಾರಿಯಲ್ಲಿ ಹೊರಟುಹೋದ. ಕಡಿಯುತ್ತಿದ್ದ ಕಲ್ಲುಗಳನ್ನು ಅವರು ತಿರುಗಿ ನೋಡಲಿಲ್ಲ. ಆ ಸಂಜೆ ಹುಲಿಗೆಪ್ಪ ಮನೆಗೆ ಹೋಗಿ, ಕಾಲು ತೊಳೆದು, ಹೆಂಡತಿ ಮಾರೆವ್ವ ಇಟ್ಟ ರೊಟ್ಟಿಯನ್ನು ತಿಂದ. "ಪುಂಡಿಪಲ್ಯಕ್ಕ ಉಪ್ಪು ಕಡಿಮಿ ಆಗ್ಯಾದ" ಎಂದ. ಮಾರೆವ್ವನಿಗೆ ಆಗಲೇ ಸುದ್ದಿ ಮುಟ್ಟಿತ್ತು. ಅವನು ಅತ್ತಿದ್ದರೆ ನಾನೂ ಅಳುತ್ತಿದ್ದೆ, ಆ ಉಪ್ಪಿನ ಮಾತು ಕೇಳಿದ ಮೇಲೆ ನನಗೆ ಅವನ ಪಕ್ಕದಲ್ಲಿ ಕೂಡಲು ಭಯವಾಯಿತು ಎಂದು ಅವಳು ಮುಂದೆ ಎಷ್ಟೋ ವರ್ಷಗಳ ಮೇಲೆ ನೆರೆಯವರ ಮುಂದೆ ಹೇಳಿದಳಂತೆ.

ಅಪ್ಪಣೆಯನ್ನು ತಪ್ಪದೆ ಪಾಲಿಸಿದ್ದಕ್ಕಾಗಿ ಕೋಟೆಯಿಂದ ಅವನಿಗೆ ಒಂದು ಶಾಲು ಬಂತು. ಅವನು ಹೊದ್ದುಕೊಂಡ. ಊಟ ಮಾಡಿದ, ಮಲಗಿದ, ಎದ್ದ. ಯಾರಾದರೂ ಮಾತನಾಡಿಸಿದರೆ ಅವರ ಮುಖವನ್ನು ನೋಡುತ್ತಿದ್ದ. ಅವನ ಎದೆ ಕಲ್ಲಾಗಿದೆ ಎಂದರು ಊರವರು. ನೋವು ಕಲ್ಲಿಗಿಲ್ಲವಲ್ಲ, ಅವನಿಗೂ ಆಗ ಇರಲಿಲ್ಲವೆಂದೇ ತೋರುತ್ತದೆ. ಮಳೆಗಾಲ ಕಳೆದು ಜೋಳದ ಹೊಲಗಳಿಗೆ ತೂಬು ತೆಗೆಯುವ ದಿನ ಬಂತು. ಅವನು ಬಂಡೆ ಹತ್ತಿದ, ಹಲಗೆ ಬಾರಿಸಿದ. ಜನ ಕಾದರು. ಅವನು ಬಾಯಿ ತೆರೆಯಲಿಲ್ಲ. ಫಾರಸಿಯಲ್ಲೂ ಇಲ್ಲ, ಯಾವುದರಲ್ಲೂ ಇಲ್ಲ. ಸ್ವಲ್ಪ ಹೊತ್ತಿನ ಮೇಲೆ ಮತ್ತೆ ಹಲಗೆ ಬಾರಿಸಿ, ಮತ್ತೆ ಸುಮ್ಮನೆ ನಿಂತ. ಪಾಳಿಯಿಂದ ಪಾಳಿಗೆ ಹೀಗೆಯೇ ಮಾಡುತ್ತ ಹೋಗಿ, ಕಡೆಗೆ ಬರಿದಾದ ಹಳ್ಳದ ಕಡೆ ತಿರುಗಿ ನಿಂತವನು ಅಲ್ಲಿಯೇ ಉಳಿದುಬಿಟ್ಟ. ಶುರುವೇ ಆಗದ ದನಿ ನಿಂತಿತು ಎಂದು ಹೇಳುವುದು ಹೇಗೆ? ಆಳುಗಳು ತೂಬಿನ ಬಳಿ ಕೈಕಟ್ಟಿ ನಿಂತರು. ಕೋಟೆಯಿಂದ ಬಂದಿದ್ದ ಸವಾರ ಗದರಿಸಿದ, ಬೈದ, ಕೊನೆಗೆ ಅವನನ್ನು ಕಟ್ಟಿ ಕೋಟೆಗೆ ಕರೆದೊಯ್ದ.

ಕಿಲ್ಲೇದಾರ ದುಭಾಷಿಗಳನ್ನು ಕೂಡಿಸಿ ವಿಚಾರಣೆಗೆ ಕುಳಿತ. ಯಾಕೆ ಸಾರಲಿಲ್ಲ ಎಂದು ಕೇಳಿದಾಗ ಹುಲಿಗೆಪ್ಪ ಉತ್ತರ ಕೊಟ್ಟ. ನಿಧಾನವಾಗಿ, ಬಹಳ ಹೊತ್ತು, ವಡ್ಡರ ಮಾತಿನಲ್ಲಿ ಹೇಳಿದ. ಫಾರಸಿಯ ದುಭಾಷಿ ತಲೆಯಲ್ಲಾಡಿಸಿದ. ಮರಾಠಿಯವನು, ತೆಲುಗಿನವನು, ಕನ್ನಡದವನು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಬೇರೆ ಮಾತಿನಲ್ಲಿ ಕೇಳಿದರೂ ಅವನ ಉತ್ತರ ಅದೇ ಮಾತಿನಲ್ಲಿ ಬಂತು. ಅಷ್ಟು ದೊಡ್ಡ ರಾಜ್ಯದ ಅಷ್ಟು ದೊಡ್ಡ ಕೋಟೆಯಲ್ಲಿ ಅದನ್ನು ಬಲ್ಲವರು ಒಬ್ಬರೂ ಇರಲಿಲ್ಲ. "ಇವನೇನ ಹೇಳ್ಲಿಕತ್ತಾನ ನೋಡ್ರಿ, ಆ ವಡ್ಡರ ಪೈಕಿ ಯಾರನ್ನರ ಕರಸ್ರಿ" ಎಂದು ಕನ್ನಡದ ದುಭಾಷಿ ಹೇಳಿದವನು, ಹೇಳಿದ ಮೇಲೆ ತಾನೇ ತಲೆ ತಗ್ಗಿಸಿದನಂತೆ. ಕರೆಸಲು ಯಾರು ಉಳಿದಿದ್ದರು? ಹೇಳಿಕೆ ಅರ್ಥವಾಗದೆ ಶಿಕ್ಷೆ ಕೊಡುವಂತಿಲ್ಲ ಎಂಬುದು ಬಾದಶಹರ ಕಾನೂನು. ಕಿಲ್ಲೇದಾರ ಎಲ್ಲರನ್ನೂ ಹೊರಗೆ ಕಳಿಸಿದ. ಬಾಗಿಲ ಕಾವಲಿನವನು ಕಂಡದ್ದು ಮುಂದಿನ ಕತೆ. ಮುದುಕ ಕಿಲ್ಲೇದಾರ ಗಾದಿಯಿಂದಿಳಿದು ಹುಲಿಗೆಪ್ಪನ ಎದುರು ನೆಲದ ಮೇಲೆ ಕುಳಿತು, ಫಾರಸಿ ಬಿಟ್ಟು, ತಾನು ಹುಟ್ಟಿದ ಸೀಮೆಯ ತುರುಕು ಮಾತಿನಲ್ಲಿ ಏನೋ ಹೇಳಿದನಂತೆ. ಆ ಮಾತನ್ನು ಅವನು ಇಲ್ಲಿಗೆ ಬಂದ ಮೇಲೆ ಯಾರ ಹತ್ತಿರವೂ ಆಡಿರಲಿಲ್ಲ. ಹುಲಿಗೆಪ್ಪ ತನ್ನ ಮಾತಿನಲ್ಲಿ ಏನೋ ಹೇಳಿದ. ಒಬ್ಬರ ಮಾತು ಇನ್ನೊಬ್ಬರಿಗೆ ಒಂದಕ್ಷರವೂ ತಿಳಿಯಲಿಲ್ಲ.

ಅವನನ್ನು ಬಿಟ್ಟುಬಿಟ್ಟರು. ಹಳೆಯ ಅಪ್ಪಣೆಯನ್ನು ಕಿಲ್ಲೇದಾರ ಹಿಂದಕ್ಕೆ ತೆಗೆದುಕೊಳ್ಳಲಿಲ್ಲ, ಹೊಸದನ್ನು ಹೊರಡಿಸಲೂ ಇಲ್ಲ. ದೊರೆತನದವರ ದುಃಖ ಅಷ್ಟಕ್ಕೇ ನಿಲ್ಲುತ್ತದೆ. ಹುಲಿಗೆಪ್ಪ ಬದುಕಿರುವವರೆಗೂ ಬಂಡೆ ಹತ್ತಿ, ಹಲಗೆ ಬಾರಿಸಿ, ಮಾತಿಲ್ಲದೆ ಒಂದೊಂದೇ ಪಾಳಿ ನಿಂತು ಇಳಿಯುತ್ತಿದ್ದ. ಅವನು ಇಳಿಯುವವರೆಗೆ ಆಳುಗಳು ಸಲಿಕೆ ಮುಟ್ಟುತ್ತಿರಲಿಲ್ಲ. ಯಾವ ಸುದ್ದಿಗಾಗಿ ಹಲಗೆ ಬಾರಿಸಿದ ಎಂಬುದು ಯಾರಿಗೂ ತಿಳಿಯದ ಕಾರಣ, ಗೌಡರ ಮನೆಯವರು ನಾಯಕರ ಮನೆಗೆ, ನಾಯಕರು ಕುಲಕರ್ಣಿಗಳ ಮನೆಗೆ ಹೋಗಿ ವಿಚಾರಿಸಬೇಕಾಯಿತು. ಎರಡನೆಯ ಪಾಳಿಯ ಜಗಳ ಅಲ್ಲಿಗೆ ಮುಗಿಯಿತು. ಮುಗಿಯಬೇಕಾದ ಕಾಲಕ್ಕೆ ಮುಗಿಯಲಿಲ್ಲ, ಅಷ್ಟೆ. ಹುಲಿಗೆಪ್ಪನ ನಂತರ ಬಂದವರೂ ಹಾಗೆಯೇ ನಿಂತರು. ಹೀಗೆ ದೊಡ್ಡಕೆರೆ ಜನರ ಬಾಯಲ್ಲಿ ಕಡೆಪಾಳಿ ಕೆರೆಯಾಯಿತು ಎನ್ನುತ್ತಾರೆ.

ಬಾದಶಹರು ಹೋದರು, ಅವರ ಫಾರಸಿಯೂ ಹೋಯಿತು. ಆಮೇಲೆ ಬಂದವರೂ ತಮ್ಮ ತಮ್ಮ ಮಾತನ್ನು ಮೊದಲ ಪಾಳಿಯಲ್ಲಿ ಕೂರಿಸಿ, ಕಾಲ ಬಂದಾಗ ಹೊರಟುಹೋದರು. ಈಗ ತೂಬಿಗೆ ಕಬ್ಬಿಣದ ಬಾಗಿಲಿದೆ, ತಿರುಗಿಸಲು ಚಕ್ರವಿದೆ, ನೀರು ಬಿಡುವ ಮೊದಲು ಕೂಗುವ ಸೈರನ್ನೂ ಇದೆ. ಆದರೂ ಹಂಗಾಮಿನ ಮೊದಲ ನೀರು ಬಿಡುವ ಬೆಳಗ್ಗೆ ಬಂದವರು ನೋಡಬಹುದು: ನೀರಗಂಟಿ ಪಂಪಣ್ಣ ಚಪ್ಪಲಿ ಬಿಟ್ಟು ಬಂಡೆ ಹತ್ತಿ, ಆ ತಗ್ಗುಗಳಲ್ಲಿ ಕಾಲಿಟ್ಟು, ಹಲಗೆ ಬಾರಿಸುತ್ತಾನೆ. ಬಾರಿಸಿ ಸುಮ್ಮನಾಗುತ್ತಾನೆ, ಮತ್ತೆ ಬಾರಿಸುತ್ತಾನೆ. ಕಡೆಗೆ ಹಳ್ಳದ ಕಡೆ ತಿರುಗುತ್ತಾನೆ. ಹೋದ ವರ್ಷ ಇಲಾಖೆಗೆ ಹೊಸದಾಗಿ ಬಂದ ಎಂಜಿನಿಯರೊಬ್ಬರು ನನ್ನ ಪಕ್ಕದಲ್ಲೇ ನಿಂತಿದ್ದರು. ಗಡಿಯಾರ ನೋಡಿಕೊಂಡರು, ಹಳ್ಳ ನೋಡಿದರು. ಅಲ್ಲಿ ಅರೆಗಡಿದ ಕಲ್ಲುಗಳೂ ಒಂದೆರಡು ಕೊಕ್ಕರೆಗಳೂ ಇದ್ದವು.

"ಹಳ್ಳದಾಗ ಯಾರೂ ಇಲ್ಲಲ್ಲಪಾ, ಬಾಗಿಲ ಎತ್ತು" ಎಂದರು ಅವರು.

ಪಂಪಣ್ಣ ಅವರ ಕಡೆ ತಿರುಗಲಿಲ್ಲ. "ತಡೀರಿ ಸಾಹೇಬ್ರ" ಎಂದ, "ಅವರ ಪಾಳಿ ಇನ್ನಾ ಮುಗಿದಿಲ್ರಿ."